ಬರಿಗೈಯವರ ಎಡೆ

ಮುಲೂಖಿಯಾ ಸೊಪ್ಪಿನ ಸಾರಿಗೆ ಬೆಳ್ಳುಳ್ಳಿ, ಕೊತ್ತಂಬರಿ ಬೀಜದ ಒಗ್ಗರಣೆ ಸುರಿಯುವ ಗಳಿಗೆಗೆ ಸರಿಯಾಗಿ ಪಕ್ಕದ ಮನೆಯ ಖಾಲ್ತಿ ಕಣ್ಣರಳಿಸಿ, ಬೆಚ್ಚಿಬಿದ್ದವರಂತೆ 'ಹಾ!' ಎಂದು ಉಸಿರನ್ನು ಒಳಗೆಳೆಯುತ್ತಿದ್ದರು. ದಪ್ಪ ಗದ್ದದ ಕೆಳಗೆ ಸ್ಕಾರ್ಫಿನ ಗಂಟು ಒಮ್ಮೆ ಮೇಲೆದ್ದು ಕೂರುತ್ತಿತ್ತು. ಮೊದಲ ಸಲ ಕೈ ಸುಟ್ಟುಕೊಂಡರೇನೋ ಎಂದು ಓಡಿ ಹೋಗಿದ್ದೆ.

"ಉಸಿರು ಹಾಕದಿದ್ರೆ ಸೊಪ್ಪಿಗೆ ರುಚಿ ಎಲ್ಲಿಂದ ಬರ್ಬೇಕು ಹಬೀಬ್ತಿ?" ಎಂದು ನಕ್ಕಿದ್ದರು.

ನಾವಿದ್ದ ಕೊಲ್ಲಿ ನಾಡಿನ ಅಬು ಹಮೂರಿನಲ್ಲಿ ಒಂದೇ ವಿಲ್ಲಾಕ್ಕೆ ನಡುವೆ ಗೋಡೆ ಎಬ್ಬಿಸಿ ಎರಡು ಸಂಸಾರಕ್ಕೆ ಕೊಟ್ಟಿದ್ದರು. ನಮ್ಮ ಅಡುಗೆಮನೆಯ ಕಿಟಕಿಗಳು ಎದುರುಬದುರು. ಅವರು ಈಜಿಪ್ಟಿನ ಲಕ್ಸರಿನಲ್ಲಿ ಶಾಲೆ ಮಕ್ಕಳಿಗೆ ಚರಿತ್ರೆ ಕಲಿಸಿ ನಿವೃತ್ತರಾದವರು, ಮಗನ ಜೊತೆಗಿದ್ದರು. ನಾನು 'ಖಾಲ್ತಿ' ಎನ್ನುತ್ತಿದ್ದೆ, ನಾವು ಚಿಕ್ಕಮ್ಮ ಅನ್ನುವ ಹಾಗೆ; ಅವರಿಗೆ ನಾನು 'ಹಬೀಬ್ತಿ', ಮುದ್ದಿನವಳು. ಅವರ ಅರ್ಧ ಅರಬ್ಬಿ, ಅರ್ಧ ಇಂಗ್ಲಿಷಿನ ಮಾತು ನನ್ನ ನೆನಪಿನಲ್ಲಿ ಕನ್ನಡವಾಗಿಯೇ ಕೂತಿದೆ.

ಯಜಮಾನರು ಕೆಲಸಕ್ಕೆಂದು ಮೆಸಯೀದಿನ ಬಸ್ಸು ಹತ್ತಿದ ಮೇಲೆ ಕಿಟಕಿಯಲ್ಲಿ ನಮ್ಮ ಮಾತು. ಸಾವಿರಾರು ವರ್ಷ ಹಿಂದಿನ ಈಜಿಪ್ಟಿನವರ ಬಗ್ಗೆ ಅವರು ತಮ್ಮ ಕೇರಿಯವರಂತೆ ಹೇಳುತ್ತಿದ್ದರು: ಬೆಕ್ಕು ಸತ್ತರೆ ಹುಬ್ಬು ಬೋಳಿಸಿಕೊಂಡವರು, ರೊಟ್ಟಿಯಲ್ಲಿ ಮರಳು ಕಡಿದು ಕಡಿದು ಹಲ್ಲು ಸವೆಸಿಕೊಂಡವರು. ಹೊರಗೆ ವಿಶ್ವಕಪ್ಪಿನ ಸ್ಟೇಡಿಯಂ ಏಳುತ್ತಿತ್ತು, ಧೂಳಿನಲ್ಲಿ ಕ್ರೇನುಗಳು ತೇಲುತ್ತಿದ್ದವು. ಕೇಳುತ್ತ ಕೇಳುತ್ತ, ಕಟ್ಟುತ್ತಿರುವುದು ಯಾವ ಕಾಲದ್ದೆಂದೇ ಮರೆತುಹೋಗುತ್ತಿತ್ತು.

ಕೊರೊನಾದಿಂದ ವಿಮಾನಗಳು ನಿಂತುಹೋದ ಆ ಬೇಸಿಗೆಯಲ್ಲಿ ಮಂಡ್ಯದಲ್ಲಿ ಅಮ್ಮ ತೀರಿಕೊಂಡಳು. ತಿಥಿಯ ದಿನ ನನ್ನ ತಮ್ಮ ಎಡೆ ಇಡುವುದನ್ನು ಫೋನಿನಲ್ಲಿ ನೋಡಿದೆ. ನನ್ನ ಕೈಯಡುಗೆ ಅವಳಿಗೆ ಮುಟ್ಟಲಿಲ್ಲವಲ್ಲ ಎಂಬ ಸಂಕಟಕ್ಕೆ ಒಲೆ ಹಚ್ಚಲೂ ಕೈ ಏಳಲಿಲ್ಲ.

ಖಾಲ್ತಿ ಕಿಟಕಿಗೆ ಬಂದರು. "ನಮ್ಮೂರ ಗುಡ್ಡದ ಗೋರಿಗಳಲ್ಲಿ ಆ ಹಳೇ ಜನ ಕೆತ್ತಿಸಿಟ್ಟಿದ್ದಾರೆ. ದಾರೀಲಿ ಹೋಗೋರೇ, ಕೈ ಬರಿದಾಗಿದ್ರೂ ಸರಿ, ಸಾವಿರ ರೊಟ್ಟಿ, ಸಾವಿರ ಗಡಿಗೆ ಬಿಯರ್ ಅಂತ ಬಾಯಲ್ಲಿ ಅನ್ನಿ, ನಿಮ್ಮ ಉಸಿರೇ ನಮಗೆ ಮುಟ್ಟುತ್ತೆ ಅಂತ. ಅಮ್ಮನಿಗೆ ಏನಿಷ್ಟ, ಹೇಳು."

"ರಾಗಿಮುದ್ದೆ, ಬಸ್ಸಾರು."

"ಯಲ್ಲಾ, ಶುರು ಮಾಡು, ಸಾವಿರ ಮುದ್ದೆ ಅನ್ನು."

"ಅಯ್ಯೋ ಖಾಲ್ತಿ, ಒಂದೂವರೆ ಮುದ್ದೆಗೇ ಸಾಕು ಅನ್ನೋಳು ನಮ್ಮಮ್ಮ!" ಅಳುವಿನ ನಡುವೆಯೇ ನಗು ಬಂದುಬಿಟ್ಟಿತು.

"ಉಳಿದದ್ದು ನೆಂಟರು ತಿಂತಾರೆ ಬಿಡು. ನನ್ನ ಸರದಿ ಬಂದಾಗ ಮಾತ್ರ ಬಿಯರ್ ಬೇಡ, ಹರಾಮು. ಪುದೀನ ಚಹಾ ಅನ್ನು, ಸಕ್ಕರೆ ಜಾಸ್ತಿ."

ಸಾವಿರ ಮುದ್ದೆ ಎಂದೆ. ಸಾವಿರ ಬಟ್ಟಲು ಬಸ್ಸಾರು ಎಂದೆ. ಆಮೇಲೆ ಒಲೆ ಹಚ್ಚಿದೆ.

ವಿಶ್ವಕಪ್ಪಿನ ಪಂದ್ಯಗಳು ಶುರುವಾಗುವ ಮುಂಚೆಯೇ ಅವರು ಲಕ್ಸರಿಗೆ ಮರಳಿದರು. ಚಳಿಗಾಲ ಮುಗಿಯುವಷ್ಟರಲ್ಲಿ ತೀರಿಕೊಂಡರೆಂದು ಮಗ ಬಾಗಿಲಿಗೆ ಬಂದು ಹೇಳಿದ. ಎದುರಿನ ಕಿಟಕಿ ಈಗ ಮುಚ್ಚಿದೆ. ಸೊಪ್ಪಿಗೆ ಒಗ್ಗರಣೆ ಸುರಿಯುವಾಗ ನನಗರಿವಿಲ್ಲದೆ 'ಹಾ!' ಎಂದು ಉಸಿರೆಳೆದುಕೊಳ್ಳುತ್ತೇನೆ. ಅದನ್ನು ಬಿಡುವಾಗ ಆ ಕಿಟಕಿಯ ಕಡೆಗೆ ಹೇಳುತ್ತೇನೆ: ಸಾವಿರ ಲೋಟ ಚಹಾ ಖಾಲ್ತಿ, ಸಕ್ಕರೆ ಜಾಸ್ತಿ.