ಬೆನ್ನು ಮಾಡಿ ಕೂತ ಹೆಂಗಸು

ದೆವ್ವ, ಆತ್ಮ ಎಂಬ ಮಾತು ಬಂದರೆ ನಗುತ್ತಿದ್ದವನು ನಾನು. ಸಾಕ್ಷ್ಯಚಿತ್ರಗಳಿಗೆ, ಟಿ.ವಿ. ಕಾರ್ಯಕ್ರಮಗಳಿಗೆ ಬೇಕಾದ ಹಳೆಯ ದೃಶ್ಯಗಳನ್ನು ಹುಡುಕಿ ಕೊಡುವುದು ನನ್ನ ಕೆಲಸ. ಸತ್ತವರು ಓಡಾಡುವುದನ್ನು, ನಗುವುದನ್ನು ದಿನವೂ ನೋಡುತ್ತೇನೆ. ಅದರಲ್ಲಿ ಹೆದರುವಂಥದ್ದೇನೂ ಕಂಡಿರಲಿಲ್ಲ. ನೀವು ನಂಬಲೆಂದು ಇದನ್ನು ಬರೆಯುತ್ತಿಲ್ಲ. ನಾನೇ ಇನ್ನೂ ಪೂರ್ತಿ ನಂಬಿಲ್ಲ.

ಕೆಲವು ವರ್ಷಗಳ ಹಿಂದೆ, ಕಾಡಿನಿಂದ ಹೊರಗೆ ಬಂದ ಬುಡಕಟ್ಟು ಜನರ ಹಾಡಿಗಳ ಕುರಿತ ಸಾಕ್ಷ್ಯಚಿತ್ರಕ್ಕಾಗಿ ಹುಣಸೂರು, ಪಿರಿಯಾಪಟ್ಟಣ ಸುತ್ತುತ್ತಿದ್ದೆ. ಕಂಪಲಾಪುರದಲ್ಲಿ, ಮುಚ್ಚಿಹೋದ ಫೋಟೊ ಸ್ಟುಡಿಯೊ ಒಂದರ ಅಟ್ಟದ ಮೇಲೆ ಮೂರು ನಿಮಿಷದ ರೀಲು ಸಿಕ್ಕಿತು. ಶಬ್ದವಿಲ್ಲದ ಚಿತ್ರ. ತೆಗೆದವರು ಯಾರೋ ಗೊತ್ತಿಲ್ಲ. ಅದನ್ನು ಕಂಪ್ಯೂಟರಿಗೆ ಇಳಿಸಿ, ಎಲ್ಲೆಲ್ಲಿ ಏನಿದೆ ಎಂದು ಪಟ್ಟಿ ಮಾಡಲು ನಲವತ್ತು ಸಲವಾದರೂ ನೋಡಿದ್ದೆ. ಕೊನೆಯ ದೃಶ್ಯದಲ್ಲಿ ಹೆಂಗಸೊಬ್ಬಳು ಗುಡಿಸಲ ಮುಂದೆ ಬೆನ್ನು ಮಾಡಿ ಕೂತು ಮೊರದಲ್ಲಿ ರಾಗಿ ಕೇರುತ್ತಿದ್ದಾಳೆ. ಹನ್ನೊಂದು ಸೆಕೆಂಡು. ಒಮ್ಮೆಯೂ ತಿರುಗುವುದಿಲ್ಲ.

ಚಿತ್ರದಲ್ಲಿರುವವರ ಗುರುತು ಕೇಳಲು ಎಚ್.ಡಿ. ಕೋಟೆ ಕಡೆಯ ಹಾಡಿಯೊಂದಕ್ಕೆ ಹೋದೆ. ಮಟಮಟ ಮಧ್ಯಾಹ್ನ. ಬಿಸಿಲಿಗೆ ಲ್ಯಾಪ್‌ಟಾಪ್ ಪರದೆ ಕಾಣಲಿಲ್ಲ. ಕಾಳಮ್ಮ ಎಂಬ ಅಜ್ಜಿ, ಪಕ್ಕದ ಮನೆಯ ಲಕ್ಷ್ಮಿ, ನಾನು ಮೂವರೂ ತಲೆಯ ಮೇಲೆ ಕಂಬಳಿ ಎಳೆದುಕೊಂಡು ಕೂತೆವು.

ಕೊನೆಯ ದೃಶ್ಯ ಬಂದಾಗ ಅಜ್ಜಿ ನನ್ನ ಕೈ ಹಿಡಿದರು.

“ನಮ್ಮವ್ವ ಕಣಪ್ಪಾ. ಆ ತುರುಬು, ಆ ಬುಜ... ನಮ್ಮವ್ವನೇಯ.”

ತಾಯಿ ಸತ್ತಾಗ ಅಜ್ಜಿ ಇನ್ನೂ ಸಣ್ಣ ಮಗುವಾಗಿದ್ದರಂತೆ. ಒಂದು ಫೋಟೊವೂ ಇಲ್ಲ. ಮುಖವೇ ಮರೆತುಹೋಗಿದೆ ಎಂದರು.

“ಒಸಿ ಈ ಕಡೀಕೆ ತಿರುಗ್ಸಪ್ಪಾ, ಮಖ ನೋಡ್ತೀನಿ.”

“ಆಗಲ್ಲ ಅಜ್ಜಿ. ಆವತ್ತು ತೆಗ್ದಿರೋದೇ ಇಷ್ಟು” ಎಂದು ಇನ್ನೊಮ್ಮೆ ಹಾಕಿದೆ.

ಅಜ್ಜಿ ಪರದೆಯ ಹತ್ತಿರ ಬಾಗಿ “ಅವ್ವಾ” ಎಂದರು. ಜೋರಾಗಿ ಅಲ್ಲ, ಒಲೆ ಮುಂದಿರುವವರನ್ನು ಬಾಗಿಲಿನಿಂದ ಕರೆದ ಹಾಗೆ.

ಮೊರ ನಿಂತಿತು. ಹೆಂಗಸು ತಿರುಗಿದಳು.

ಇನ್ನೂ ಎಳೆಯ ಮುಖ, ಹಣೆಯಲ್ಲಿ ಹಚ್ಚೆ. ಅವಳು ಕ್ಯಾಮೆರಾವನ್ನು ನೋಡಲಿಲ್ಲ. ಅದಕ್ಕಿಂತ ತುಸು ಕೆಳಗೆ, ಮಗುವೊಂದು ನಿಂತಿರಬಹುದಾದ ಎತ್ತರಕ್ಕೆ ನೋಡಿದಳು. ಅಷ್ಟರಲ್ಲಿ ದೃಶ್ಯ ಮುಗಿಯಿತು.

“ನಿನ್ನಂಗೇ ಅವ್ಳೆ ಕಣಕ್ಕಾ” ಎಂದಳು ಲಕ್ಷ್ಮಿ. ಅಂದರೆ, ಕಂಡದ್ದು ನನ್ನೊಬ್ಬನಿಗೇ ಅಲ್ಲ.

ಮತ್ತೆ ಹಾಕಿದೆ. ಬೆನ್ನು. ಇನ್ನೊಮ್ಮೆ ಹಾಕಿದೆ. ಬೆನ್ನೇ. ಅಜ್ಜಿ ಕಂಬಳಿ ಸರಿಸಿ ಎದ್ದರು.

“ಸಾಕು ಬುಡಪ್ಪಾ. ಅವ್ವಂಗೆ ಕೆಲ್ಸ ಐತೆ” ಎಂದು ಕಣ್ಣೊರೆಸಿಕೊಂಡರು.

ಮನೆಗೆ ಬಂದವನೇ ರೀಲನ್ನು ಬೆಳಕಿಗೆ ಹಿಡಿದು, ಒಂದೊಂದೇ ಫ್ರೇಮನ್ನು ಭೂತಗನ್ನಡಿಯಲ್ಲಿ ನೋಡಿದೆ. ಎಲ್ಲೂ ಮುಖವಿಲ್ಲ. ಬೇರೆ ಯಾವುದೋ ತುಣುಕು ಬೆರೆತಿರಬಹುದೆಂದು ಕಂಪ್ಯೂಟರನ್ನೆಲ್ಲ ಜಾಲಾಡಿದೆ. ಏನೂ ಸಿಗಲಿಲ್ಲ.

ಹೋದ ವರ್ಷ ನನ್ನ ತಾಯಿ ತೀರಿಕೊಂಡರು. ಅವರು ಅಡುಗೆಮನೆಯಲ್ಲಿ ಬೆನ್ನು ಮಾಡಿ ನಿಂತು ಏನೋ ಹೆಚ್ಚುತ್ತಿರುವ ವಿಡಿಯೊ ನನ್ನ ಫೋನಿನಲ್ಲಿದೆ. ಎಷ್ಟೋ ಸಲ ಅದನ್ನು ಹಾಕಿಕೊಂಡು ಕೂತಿದ್ದೇನೆ, ಕರೆಯಲು ಬಾಯಿ ಬಂದಿಲ್ಲ. ತಿರುಗದೇ ಹೋದರೆ ಎಂಬ ಭಯವೋ, ತಿರುಗಿಬಿಟ್ಟರೆ ಎಂಬ ಭಯವೋ, ಹೇಳಲಾರೆ.