ಅತ್ತೆಗೊಂದು ಪರದೆ

ಹೊಸ ಪರದೆಯ ಪ್ಯಾಕೆಟ್ಟು ಬಿಚ್ಚಿದಾಗ ಬರುವ ಗಂಜಿಯ ವಾಸನೆ ನಿಮಗೂ ಗೊತ್ತಿರಬೇಕು. ಮೊನ್ನೆ ನಿಗಡಿಯ ನಮ್ಮ ಫ್ಲ್ಯಾಟಿನಲ್ಲಿ ಆ ವಾಸನೆ ಮೂಗಿಗೆ ಬಡಿದದ್ದೇ ತಡ, ಸ್ಟೂಲಿನ ಮೇಲೆ ಡ್ರಿಲ್ ಮಶೀನು ಹಿಡಿದು ನಿಂತವಳು ನಿಂತಲ್ಲೇ ಮನಸ್ಸಿನಲ್ಲಿ ನಮ್ಮ ಹಳೆಯ ಮನೆಯಿದ್ದ ಸದಾಶಿವ ಪೇಠಕ್ಕೆ ಹೋಗಿಬಿಟ್ಟೆ.

ಪರದೆ ಹಾಕುವುದರಲ್ಲಿ ನನ್ನನ್ನು ಮೀರಿಸುವವರು ನಮ್ಮ ಸೊಸೈಟಿಯಲ್ಲಿ ಯಾರೂ ಇಲ್ಲ. ಇದನ್ನು ನಾನೇ ಹೇಳಿಕೊಳ್ಳಬೇಕು, ಏಕೆಂದರೆ ನನ್ನ ಗಂಡ ಹೇಳುವುದಿಲ್ಲ. ಬಟ್ಟೆಯಲ್ಲೇ ಸ್ಟೀಲಿನ ಉಂಗುರ ಕೂಡಿಸಿದ ಪರದೆಗಳಿರುತ್ತವಲ್ಲ, ಅವುಗಳಲ್ಲಿ ಉಂಗುರಗಳು ಸಮಸಂಖ್ಯೆಯಲ್ಲಿರಬೇಕು. ಆಗ ಎರಡೂ ಅಂಚು ಗೋಡೆಯ ಕಡೆ ಮುಖ ಮಾಡುತ್ತವೆ. ಕೊನೆಯ ಉಂಗುರವನ್ನು ಸರಳು ಹಿಡಿದಿರುವ ಕೊಂಡಿಯ ಆಚೆ ಬಿಟ್ಟರೆ ಎಳೆದಾಗ ಅಂಚು ಅಲ್ಲೇ ನಿಲ್ಲುತ್ತದೆ. ಇಷ್ಟು ಹೇಳುವಷ್ಟರಲ್ಲಿ ನೆಂಟರು ಚಪ್ಪಲಿ ಹುಡುಕತೊಡಗುತ್ತಾರೆ. ನೀವಾದರೂ ಕೂತಿರಿ.

ವಿಜಯಪುರದಿಂದ ಮದುವೆಯಾಗಿ ಅಲ್ಲಿಗೆ ಬಂದಾಗ ನಮ್ಮದು ಬಾಡಿಗೆಯ ಬಿಡಾರಗಳಿದ್ದ ಹಳೆಯ ವಾಡೆಯೊಂದರ ಮೇಲಂತಸ್ತಿನ ಉದ್ದನೆಯ ಒಂದೇ ಕೋಣೆ, ತುದಿಗೆ ಅಡಿಗೆಮನೆ. ಅತ್ತೆ, ಮಾವ, ನಾವಿಬ್ಬರು. ನಡುವೆ ಹಗ್ಗಕ್ಕೆ ಇಳಿಬಿಟ್ಟ ಅತ್ತೆಯ ಹಳೆಯ ಸೀರೆ. ಗಾಳಿ ಬೀಸಿದರೆ ಅದು ಹಾರಿ ಮಾವನವರ ಪೇಪರಿನ ಮೇಲೆ ಕೂರುತ್ತಿತ್ತು. ಅದನ್ನು ಸರಿಸುವಾಗ ಅವರೊಂದು ಕಡೆ ನೋಡುತ್ತಿದ್ದರು, ನಾನೊಂದು ಕಡೆ.

ಉಂಗುರದ ಪರದೆ ತರೋಣ ಎಂದೆ. ಯಾರೂ ಹೂಂ ಅನ್ನಲಿಲ್ಲ, ಊಹೂಂ ಅಂತಲೂ ಅನ್ನಲಿಲ್ಲ. ತಂದೇ ಬಿಟ್ಟೆ. ಪಕ್ಕದ ಮನೆಯಿಂದ ಡ್ರಿಲ್ ಇಸಿದುಕೊಂಡು ಗೋಡೆಗೆ ಇಟ್ಟೆನೋ ಇಲ್ಲವೋ, ಮಣ್ಣಿನ ಗೋಡೆ ಬೊಗಸೆ ಬೊಗಸೆಯಾಗಿ ಉದುರಿತು. ಕೆಳಗಿನಿಂದ ಮಾಲಕರ ಹೆಂಡತಿ, "ಅಹೋ, ಭಿಂತ್ ಪಡೇಲ್ ನಾ ಆಮಚೀ!" ಎಂದು ಕೂಗಿದರು. ತಮ್ಮ ಗೋಡೆಯೇ ಬಿದ್ದುಹೋಗುತ್ತದೆಂಬ ಗಾಬರಿ ಅವರಿಗೆ.

ಮಾವ ಪೇಪರು ಮಡಚಿದರು. "ಸೀರಿ ಛಲೋ ಇತ್ತಲ್ಲವಾ. ಮನಿ ಮಂದ್ಯಾಗ ಪರದಾ ಯಾಕ ಬೇಕು?"

ನಾನು ಮೇಲೆ ನೋಡಿದೆ. ಅಡ್ಡಕ್ಕೆ ಸಾಗವಾನಿಯ ತೊಲೆ, ಆನೆ ಕಟ್ಟಿದರೂ ಜಗ್ಗದಂಥದ್ದು. ತೊಲೆಯ ಎರಡು ತುದಿಗೆ ಕೊಕ್ಕೆ ತಿರುವಿ ಸರಳು ತೂಗುಹಾಕಿದೆ. ಪರದೆ ಎಳೆದರೆ ಸರ್ರೆಂದು ಈ ತುದಿಯಿಂದ ಆ ತುದಿಗೆ ಬಂತು. ಮೆಂತೆ ಸೋಸುತ್ತ ಕೂತಿದ್ದ ಅತ್ತೆ ತಲೆಯೆತ್ತಿ, "ಇನ್ನೊಮ್ಮೆ ಎಳಿ ನೋಡೋಣು," ಅಂದರು.

ಒಂದು ವಾರ ಕಳೆದಿರಬೇಕು. ಅತ್ತೆ ಹತ್ತಿರ ಬಂದು ಮೆಲ್ಲಗೆ ಕೇಳಿದರು: "ಮಧ್ಯಾಹ್ನ ನಿಮ್ಮ ಕಡೆ ಯಾರೂ ಇರೂದಿಲ್ಲಲಾ, ನಾ ಅಲ್ಲಿ ಪರದಾ ಹಾಕ್ಕೊಂಡು ಸ್ವಲ್ಪ ಮಲಗಲೇನು?"

"ಅತ್ತಿ, ಅದನ್ನೇನ ಕೇಳತೀರಿ!"

ಒಂದು ದಿನ ಕರೆದರೆಂದು ನೀರು ಒಯ್ದೆ. ಕೂದಲು ಬಿಚ್ಚಿ ಹಾಸಿಗೆಯ ತುಂಬ ಹರಡಿ, ಎರಡೂ ಕಾಲು ಚಾಚಿ ಮಲಗಿದ್ದರು. ನಾನು ಅವರನ್ನು ಹಾಗೆ ಎಂದೂ ನೋಡಿರಲಿಲ್ಲ. "ಈ ಮನಿಗೆ ಬಂದಾಗಿಂದ ಹಿಂಗ ಮಲಗಿದ್ದಿಲ್ಲ ನೋಡು," ಅಂದರು. "ಯಾರರೆ ಬರ್ತಾರಂತ ಯಾವಾಗ್ಲೂ ಒಂದು ಕಾಲು ಮಡಚೇ ಇರತಿತ್ತು."

ನಾನು ಪರದೆ ತಂದದ್ದು ನಮ್ಮಿಬ್ಬರಿಗಾಗಿ. ಅತ್ತೆಗೂ ಒಂದು ಬೇಕಿರಬಹುದು ಎಂಬುದು ಈ ಬುದ್ಧಿವಂತೆಯ ತಲೆಗೆ ಹೊಳೆದೇ ಇರಲಿಲ್ಲ.

ಆಮೇಲೊಂದು ರವಿವಾರ. ಮಾವನವರ ಚಹಾದ ಹೊತ್ತು ಮೀರಿತ್ತು, ಅತ್ತೆ ಇನ್ನೂ ಒಳಗಿದ್ದರು. ನಾನು ಏಳಹೋದೆ; ಮಾವ ಕೈಸನ್ನೆಯಲ್ಲಿ ಬೇಡವೆಂದು ತಾವೇ ಎದ್ದರು. ಪರದೆ ಸರಿಸಲು ಕೈ ಎತ್ತಿದರು. ಅತ್ತೆಯ ಏಕಾಂತ ಇಲ್ಲಿಗೆ ಮುಗಿಯಿತು ಅಂದುಕೊಂಡೆ. ಅವರು ಕೈ ಇಳಿಸಿ ಕೆಮ್ಮಿದರು.

"ಒಳಗ ಬರಲೇನು?"

ಇಷ್ಟು ವರ್ಷದ ಸಂಸಾರದಲ್ಲಿ ಅವರು ಹಾಗೆ ಕೇಳಿದ್ದು ಅದೇ ಮೊದಲಿರಬೇಕು. ಒಳಗಿನಿಂದ ಅತ್ತೆ ಹೊಸ ದನಿಯಲ್ಲಿ, "ಸ್ವಲ್ಪ ತಡೀರಿ," ಅಂದರು.

ಮಾವ ತಡೆದರು. ನಿಂತು ನಿಂತು ಬೇಸರವಾಗಿ ಅಡಿಗೆಮನೆಗೆ ಹೋಗಿ ತಾವೇ ಚಹಾಕ್ಕೆ ಇಟ್ಟರು. ಸಕ್ಕರೆ ವಿಪರೀತವಾಗಿತ್ತು. ನಾವೆಲ್ಲ ಭಾಳ ಛಲೋ ಆಗೇದ ಎಂದೆವು.

ಮಾವ ಈಗಿಲ್ಲ. ವಾಡೆ ಬಿಟ್ಟು ನಿಗಡಿಗೆ ಬಂದೆವು. ಮೊಣಕಾಲು ನೋವಿನಿಂದ ಅತ್ತೆ ಹೆಚ್ಚಾಗಿ ಮಂಚದ ಮೇಲೆಯೇ. ಅವರ ಖೋಲಿ ಅಡಿಗೆಮನೆಗೆ ಎದುರಾಗಿದೆ. ಮೊನ್ನೆ ತಂದ ಪರದೆಯನ್ನು ಅದರ ಬಾಗಿಲಿಗೇ ಮೊದಲು ಹಾಕಿದೆ. ಮಡಿಕೆ ಒಂದೊಂದನ್ನೂ ಬೆರಳಿನಿಂದ ತಿದ್ದಿ, "ಹೆಂಗ ಆಗೇದ್ರಿ ಅತ್ತಿ?" ಎಂದು ಕೇಳಿದೆ.

"ಛಂದ ಆಗೇದ. ಈಗ ಪೂರಾ ಸರಸಿ ಬಿಡು."

"ಯಾಕ್ರಿ? ನಿಮಗಂತನ ಹಾಕೀನಿ."

"ಆವಾಗ ಯಾರೂ ನನ್ನ ನೋಡಬಾರದು ಅನಸ್ತಿತ್ತು. ಈಗ ನಿಮ್ಮನ್ನೆಲ್ಲಾ ನೋಡಕೋತ ಮಲಗಬೇಕು ಅನಸ್ತದ."

ಪರದೆಯನ್ನು ಪೂರ್ತಿ ಒಂದು ಬದಿಗೆ ಸರಿಸಿದೆ. ಅದು ಚೆನ್ನಾಗಿಯೇ ಸರಿಯಿತು, ಹಾಕಿದವಳು ನಾನಲ್ಲವೆ. ಸ್ಟೂಲು ಎತ್ತಿಕೊಂಡು ಹೊರಟಿದ್ದೆ, ಹಿಂದಿನಿಂದ ಅತ್ತೆಯ ದನಿ ಬಂತು:

"ಏ, ಹಾಲು ಉಕ್ಕಲಿಕ್ಕತ್ತದ ನೋಡು, ಓಡು!"

ಓಡಿದೆ.