ನಮ್ ಕಡೆ ಮಂಗಳವಾರ ಇಲ್ರೀ

ವಿಜಯನಗರದಲ್ಲಿ ನಮ್ಮ ಬಾಡಿಗೆ ಮನೆಯ ಮೇಲಿನ ರೂಮಿನಲ್ಲಿ ಹುಬ್ಬಳ್ಳಿಯಿಂದ ಬಂದ ಒಬ್ಬ ಕಾದಂಬರಿಕಾರನಿದ್ದ. ಬೆರಳ ಗೆಣ್ಣು ಎಣಿಸುತ್ತಾ ಮಾತಿಗೊಮ್ಮೆ 'ನಮ್ ಕಡೆ' ಎನ್ನುತ್ತಿದ್ದ. "ನಮ್ ಕಡೆ ವಾರಕ್ಕ ಒಂಬತ್ತು ದಿನ. ಮಂಗಳವಾರ ಇಲ್ರೀ" ಎಂದ ದಿನವೇ ನನಗೆ ತಿಳಿದದ್ದು, ಅದು ಹುಬ್ಬಳ್ಳಿಯಲ್ಲ, ಅವನು ಬರೆಯುತ್ತಿದ್ದ ಕಾದಂಬರಿಯ ಎರಡು ಚಂದ್ರರ ಲೋಕ ಎಂದು.

ಆ ಲೋಕದ ಕ್ಯಾಲೆಂಡರನ್ನು ಪ್ರಿಂಟ್ ತೆಗೆಸಿ ಮೆಟ್ಟಿಲ ಗೋಡೆಗೆ ಅಂಟಿಸಿದ. ಮನೆ ಓನರ್ ಆಂಟಿ ಕನ್ನಡಕ ಏರಿಸಿ ಪೂರ್ತಿ ಓದಿದರು.

"ಇದ್ರಲ್ಲಿ ರಾಹುಕಾಲ ಎಲ್ಲಪ್ಪಾ?"

"ನಮ್ ಕಡೆ ರಾಹುಕಾಲ ಇಲ್ರೀ ಆಂಟಿ. ಅದನ್ನೆಲ್ಲಾ ನಾ ನಂಬಂಗಿಲ್ಲ."

"ಮತ್ತೆ ನಿಮ್ ಜನ ಯಾವಾಗ ಮನೆ ಬಿಟ್ಟು ಹೊರಡ್ಬೇಕು ಅಂತ ಹೆಂಗ್ ಗೊತ್ತಾಗುತ್ತೆ?"

ಅವನು ಆಂಟಿಯ ಸಮಾಧಾನಕ್ಕೆಂದು ಒಂಬತ್ತು ದಿನಕ್ಕೂ ಒಂದೊಂದು ರಾಹುಕಾಲವನ್ನು ಮನಸ್ಸಿಗೆ ಬಂದಂತೆ ಕೆಂಪು ಪೆನ್ನಿನಲ್ಲಿ ಗೀಚಿದ.

ಬರೆದು ಮುಗಿಸಿದ ಕಾದಂಬರಿಯನ್ನು ಪ್ರಕಾಶಕರಿಗೆ ತೋರಿಸಲು ಹೊರಟ ಬೆಳಿಗ್ಗೆ ಅವನು ಹೆಲ್ಮೆಟ್ ಹಾಕಿಕೊಂಡು ಗೇಟಿನ ಒಳಗೇ ನಿಂತಿದ್ದ.

"ಯಾಕೆ, ಲೇಟಾಗಲ್ವಾ?" ಎಂದೆ.

ಬೆರಳ ಗೆಣ್ಣು ಎಣಿಸುತ್ತಲೇ, ಆಂಟಿಗೆ ಕೇಳಿಸದಂತೆ ತಗ್ಗಿದ ದನಿಯಲ್ಲಿ ಹೇಳಿದ:

"ಇನ್ನೊಂದ್ ಹತ್ತ್ ನಿಮಿಷ ತಡೀರಿ. ನಮ್ ಕಡೆ ಈಗ ರಾಹುಕಾಲ ಐತ್ರೀ."